ನೀರುಗಂಟಿಯ ಹೆಬ್ಬೆಟ್ಟು

ನಮ್ಮ ಬೆಂಗಳೂರಿನವರಿಗೆ ಒಂದು ಚಾಳಿಯಿದೆ. ಬಸ್ ಸ್ಟಾಪಿನಲ್ಲಿ ಐದು ನಿಮಿಷ ಮಾತಾಡಿದವರಿಗೂ ‘ಒಂದ್ಸಲ ಮನೆಗೆ ಬನ್ನಿ’ ಅಂದುಬಿಡುತ್ತೇವೆ. ಯಾರೂ ಬರುವುದಿಲ್ಲ ಅಂತ ಹೇಳುವವರಿಗೂ ಗೊತ್ತು, ಕೇಳುವವರಿಗೂ ಗೊತ್ತು. ಮುನಿರಾಜು ಈ ಮಾತನ್ನು ಮೆಕ್ಸಿಕೋದಲ್ಲಿ, ಒಂದು ದೋಣಿಯ ಮೇಲೆ ಕೂತು ಹೇಳಿದ. ಅಲ್ಲಿಯವರಿಗೆ ನಮ್ಮ ಚಾಳಿ ಹೇಗೆ ಗೊತ್ತಿರಬೇಕು, ಪಾಪ!

ಅದು ಎರಡು ಸಾವಿರದ ನಾಲ್ಕನೇ ಇಸವಿ. ಮುನಿರಾಜು ಕೆ.ಆರ್. ಪುರಂ ಕಡೆಯ ಒಂದು ಸರ್ಕಾರಿ ಕಾರ್ಖಾನೆಯಲ್ಲಿ ಫೋರ್‌ಮನ್. ಕಾರ್ಖಾನೆಗೆ ಮೆಕ್ಸಿಕೋದಿಂದ ಒಂದು ಯಂತ್ರ ತರಿಸುವುದಿತ್ತು. ಅದನ್ನು ಓಡಿಸಿ ನೋಡಿ ಒಪ್ಪಿಗೆ ಹಾಕಿ ಬರಲು ಇವನನ್ನೂ ಮೇಲಧಿಕಾರಿ ಕೃಷ್ಣಸ್ವಾಮಿಗಳನ್ನೂ ಕಳಿಸಿದ್ದರು. ಕೆಲಸ ಮುಗಿದು ಒಂದು ಭಾನುವಾರ ಮಿಕ್ಕಿತು. ಅಲ್ಲಿನ ಕಂಪನಿಯವರು ಇಬ್ಬರನ್ನೂ ಕರಾವಳಿಯ ಜೌಗು ಪ್ರದೇಶಕ್ಕೆ, ಮಾಯಾ ಜನರ ಹಳೆಯ ಕಾಲುವೆ ತೋರಿಸುವ ದೋಣಿ ಪ್ರವಾಸಕ್ಕೆ ಕರೆದೊಯ್ದರು. ಕೃಷ್ಣಸ್ವಾಮಿಗಳು ದೋಣಿ ಕಂಡದ್ದೇ ದಡದಲ್ಲಿ ಕೂತುಬಿಟ್ಟರು.

“ನನಗೆ ನೀರು ಅಂದ್ರೆ ಆಗಲ್ಲ ಕಣ್ರೀ ಮುನಿರಾಜು. ನೀವು ಹೋಗ್ಬನ್ನಿ, ನಾನು ಚಪ್ಪಲಿ ನೋಡ್ಕೋತೀನಿ.”

ಅವರು ಹತ್ತದಿದ್ದದ್ದೇ ಎಲ್ಲಕ್ಕೂ ಮೂಲ. ಹತ್ತಿದ್ದರೆ ಮುನಿರಾಜು ಅಪ್ಪನ ವಿಷಯಕ್ಕೆ ಬಾಯಿ ಬಿಡುತ್ತಲೇ ಇರಲಿಲ್ಲ. ಅವನಪ್ಪ ಸಂಜೀವಪ್ಪ ಹೊರಮಾವಿನ ಹತ್ತಿರದ ಒಂದು ಊರಿನ ನೀರುಗಂಟಿ. ಕೆರೆಯ ತೂಬು ಎತ್ತಿ ಗದ್ದೆಗದ್ದೆಗೂ ಸರದಿಯಂತೆ ನೀರು ಬಿಡುವುದು, ಕಾಲುವೆಯ ಹೂಳು ತೆಗೆಯುವುದು, ಅದಕ್ಕೆ ಪ್ರತಿಯಾಗಿ ಸುಗ್ಗಿಯಲ್ಲಿ ಕಣದ ಮೂಲೆಯಲ್ಲಿ ನಿಂತು ಪಂಚೆಯ ಸೆರಗೊಡ್ಡಿ ರಾಗಿ ಈಸಿಕೊಳ್ಳುವುದು, ಇದು ಆ ಮನೆತನದ ಕೆಲಸ. ಊರಿನವರು ರಾಗಿಯನ್ನು ಮೇಲಿನಿಂದ ಸುರಿಯುತ್ತಿದ್ದರೇ ಹೊರತು ಕೈ ಮುಟ್ಟುತ್ತಿರಲಿಲ್ಲ. ಕಾರ್ಖಾನೆಯಲ್ಲಿ ಯಾರಾದರೂ ಕೇಳಿದರೆ ಮುನಿರಾಜು, “ನಮ್ ತಂದೆ ಗೌರ್ಮೆಂಟ್ ಇರಿಗೇಷನ್‌ನಲ್ಲಿದ್ರು” ಅನ್ನುತ್ತಿದ್ದ. ಇಪ್ಪತ್ತು ವರ್ಷ ಹೀಗೇ ನಡೆದಿತ್ತು.

ದೋಣಿಯ ಮಾರ್ಗದರ್ಶಿ ಅನ್ಸೆಲ್ಮೊ ಅನ್ನುವವನು, ಮಾಯಾ ಜನಾಂಗದವನೇ. ಕುಳ್ಳಗೆ, ಕಪ್ಪಗೆ, ಥೇಟ್ ನಮ್ಮ ಕೋಲಾರದ ಕಡೆಯವನ ಹಾಗೆ. ಇಬ್ಬರದೂ ಹರಕು ಇಂಗ್ಲಿಷ್, ಆದ್ದರಿಂದ ಮಾತು ಚೆನ್ನಾಗಿ ಅರ್ಥವಾಗುತ್ತಿತ್ತು. ದೊಡ್ಡ ಕೆರೆಗಳಂಥ ಎರಡು ಸರೋವರ, ನಡುವೆ ಒಂದು ಕಾಲುವೆ. ನೀರು ಎಷ್ಟು ತಿಳಿ ಅಂದರೆ ತಳದ ಮರಳು ಎಣಿಸಬಹುದು. ಎರಡೂ ದಡದಲ್ಲಿ ನೀರಿಗೆ ಬೇರು ಇಳಿಬಿಟ್ಟ ಮರಗಳು. ಸಾವಿರ ವರ್ಷದ ಹಿಂದೆ ನಮ್ಮ ಹಿರಿಯರು ಕೈಯಲ್ಲಿ ತೋಡಿದ್ದು ಇದು, ಉಪ್ಪು, ಜೇನು, ಬಟ್ಟೆ ಎಲ್ಲ ಈ ದಾರಿಯಲ್ಲೇ ಹೋಗುತ್ತಿತ್ತು ಎಂದ ಅನ್ಸೆಲ್ಮೊ. ಒಂದು ಕಡೆ ದೋಣಿ ನಿಲ್ಲಿಸಿ, ಜೀವರಕ್ಷಕ ಅಂಗಿಯನ್ನು ತಲೆಕೆಳಗು ಮಾಡಿ ಕಾಲು ತೂರಿಸಿ ಕಚ್ಚೆ ಹಾಕಿದ ಹಾಗೆ ಕಟ್ಟಿಕೊಳ್ಳಲು ಹೇಳಿದ. ಮುನಿರಾಜುವಿಗೆ ನಗು ಬಂತು. ಕಟ್ಟಿಕೊಂಡು ನೀರಿಗಿಳಿದರೆ, ಕೈಕಾಲು ಆಡಿಸುವುದೇ ಬೇಡ, ನೀರೇ ಕುರ್ಚಿಯಲ್ಲಿ ಕೂರಿಸಿಕೊಂಡು ಹೊತ್ತೊಯ್ಯಿತು. ಚಿಕ್ಕವನಿದ್ದಾಗ ಅಪ್ಪ ತೂಬು ಎತ್ತಿದ ದಿನ ಕಾಲುವೆಯಲ್ಲಿ ಬಿದ್ದುಕೊಂಡು ಗದ್ದೆಯವರೆಗೆ ತೇಲಿ ಹೋಗುತ್ತಿದ್ದದ್ದು ಅವನಿಗೆ ನೆನಪಾಯಿತು.

“ಇದನ್ನ ಈಗ ಯಾರು ನೋಡ್ಕೋತಾರೆ?” ಎಂದು ಕೇಳಿದ.

“ನಮ್ಮಪ್ಪ. ವರ್ಷಕ್ಕೊಂದು ಸಲ ಸೊಂಟದ ಮಟ್ಟ ನೀರಲ್ಲಿ ನಿಂತು ಬೇರು ಕಡಿದು ದಾರಿ ಬಿಡಿಸ್ತಾನೆ. ಬಲು ಕೋಪಿಷ್ಠ. ನೀರಿನ ದಾರಿ ಮುಚ್ಚಿದವನ ಕೈ ಮುಟ್ಟಬೇಡ ಅಂತ ನನಗೆ ಬುದ್ಧಿ ಹೇಳ್ತಿರ್ತಾನೆ.”

ಆಗ ಮುನಿರಾಜು ಬಾಯಿ ಬಿಟ್ಟ. ನಮ್ಮಪ್ಪನೂ ಅದೇ ಕೆಲಸದವನು, ನಮ್ಮಲ್ಲೂ ಕೆರೆಯಿಂದ ಕೆರೆಗೆ ರಾಜಕಾಲುವೆ ಇದೆ, ಏಳು ತಲೆಮಾರಿಂದ ನಾವೇ ಕಾದಿದ್ದೇವೆ, ಈಗಲೂ ನೀರು ಹರಿಯುತ್ತದೆ ಎಂದೆಲ್ಲ ಹೇಳಿದ. ಕೊನೆಗೆ, “ಒಂದ್ಸಲ ಬನ್ನಿ ನಮ್ಮೂರಿಗೆ, ಅಪ್ಪನ್ನ ಭೇಟಿ ಮಾಡಿಸ್ತೀನಿ” ಅಂದ. ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು.

ಹೇಳಿದ್ದರಲ್ಲಿ ‘ಈಗಲೂ ನೀರು ಹರಿಯುತ್ತದೆ’ ಅನ್ನುವುದೊಂದು ಸುಳ್ಳು. ಆ ಕಾಲುವೆಯ ಮೇಲೆ ಮುನಿರಾಜುವಿನ ಮನೆ ನಿಂತಿತ್ತು.

ತೊಂಬತ್ತಾರರಲ್ಲಿ ಊರ ಗದ್ದೆಗಳೆಲ್ಲ ಲೇಔಟ್ ಆದವು. ಲೇಔಟ್ ಮಾಡಿದವನಿಗೆ ಕಾಲುವೆ ಅಡ್ಡ ಬಂತು. ಅವನು ಮುನಿರಾಜುವಿಗೆ ಒಂದು ಕಾಗದ ಕೊಟ್ಟು, ಇದಕ್ಕೆ ನಿಮ್ಮಪ್ಪನ ಹೆಬ್ಬೆಟ್ಟು ಹಾಕಿಸಿದರೆ ಮೂಲೆ ಸೈಟು ನಿಮಗೇ ಅಂದ. ನಲವತ್ತು ವರ್ಷದಿಂದ ಇಲ್ಲಿ ನೀರು ಹರಿದಿಲ್ಲ, ಇದು ಕಾಲುವೆಯಲ್ಲ, ಬರೀ ಹಳ್ಳ ಎಂದು ಊರ ನೀರುಗಂಟಿ ಕೊಟ್ಟ ಹೇಳಿಕೆ ಅದು. ಸಂಜೀವಪ್ಪ ಓದಿದವನಲ್ಲ. “ಏನು ಬರ್ದವ್ರೆ, ಓದಿ ಹೇಳಪ್ಪ” ಅಂದ. ಮುನಿರಾಜು ಕಾಗದ ಹಿಡಿದು, “ಸೈಟು ನಮ್ ಹೆಸ್ರಿಗೆ ಮಾಡ್ತಾರಂತೆ, ಅಷ್ಟೇ” ಎಂದು ಓದಿದ. ಅಪ್ಪನ ಹೆಬ್ಬೆರಳನ್ನು ತಾನೇ ಹಿಡಿದು ಮಸಿಗೆ ಅದ್ದಿ ಒತ್ತಿಸಿದ. ತಿಂಗಳು ಕಳೆದು ಟ್ರ್ಯಾಕ್ಟರ್‌ಗಳು ಕಾಲುವೆಗೆ ಒಡೆದ ಕಟ್ಟಡಗಳ ಕಲ್ಲುಮಣ್ಣು ಸುರಿಯತೊಡಗಿದಾಗ ಸಂಜೀವಪ್ಪ ಹೆಗಲ ಮೇಲೆ ಸನಿಕೆ ಇಟ್ಟುಕೊಂಡು ಸಂಜೆಯವರೆಗೆ ನಿಂತು ನೋಡಿದ. ಆಮೇಲೆ ಮನೆಗೆ ಬಂದು ಊಟ ಮಾಡಿದ. ಹತ್ತು ವರ್ಷದಲ್ಲಿ ಒಂದು ದಿನವೂ ಆ ಮಾತೆತ್ತಲಿಲ್ಲ.

ಈಗ ಅನ್ಸೆಲ್ಮೊವಿನ ವಿಷಯ. ಎರಡು ವರ್ಷ ಕಳೆದು ಅವನಿಂದ ಮಿಂಚಂಚೆ ಬಂತು. ಜೌಗು ನೆಲಗಳ ಬಗ್ಗೆ ಬೆಂಗಳೂರಿನಲ್ಲಿ ಒಂದು ಸಮಾವೇಶವಿದೆ, ನನ್ನನ್ನೂ ಕರೆದಿದ್ದಾರೆ, ಒಂದು ಸಂಜೆ ಬಿಡುವಿದೆ, ನಿನ್ನ ಅಪ್ಪನನ್ನೂ ಅವರ ಕಾಲುವೆಯನ್ನೂ ನೋಡಬೇಕು ಎಂದು ಬರೆದಿದ್ದ. ಮುನಿರಾಜು ಅದನ್ನು ಹೆಂಡತಿ ಶಾಂತಕುಮಾರಿಗೆ ಹೇಳಿದ.

“ರೀ, ಇರೋದನ್ನ ಇದ್ದ ಹಾಗೆ ಹೇಳ್ಬಿಡಿ” ಅಂದಳು ಅವಳು. “ಮನೆಗೇ ಕರ್ಕೊಂಡ್ಬನ್ನಿ, ಊಟ ಹಾಕೋಣ.”

“ಮನೆಗಾ? ನಿನಗೇನ್ ತಲೆ ಕೆಟ್ಟಿದ್ಯಾ?”

ಅವನು ಬೇರೆ ದಾರಿ ಹುಡುಕಿದ. ಹಲಸೂರು ಕೆರೆಯಲ್ಲಿ ಬೋಟಿಂಗ್ ಇದೆ. ಪರದೇಶದವನಿಗೆ ಯಾವ ಕೆರೆಯಾದರೇನು? ಅಪ್ಪನನ್ನೂ ಅಲ್ಲಿಗೇ ಕರೆಸಿ, ಇದೇ ನಮ್ಮ ಕೆರೆ ಅಂದು, ಒಂದು ಸುತ್ತು ಹಾಕಿಸಿ, ಇಂದಿರಾನಗರದ ಹೋಟೆಲಿನಲ್ಲಿ ಊಟ ಮಾಡಿಸಿ ಕಳಿಸಿದರೆ ಮುಗಿಯಿತು. ಅಪ್ಪನಿಗೆ ಇಂಗ್ಲಿಷ್ ಬರದು, ಬಂದವನಿಗೆ ಕನ್ನಡ ಬರದು, ನಡುವೆ ಇರುವವನು ತಾನು. ಬೀಸುವ ದೊಣ್ಣೆ ತಪ್ಪಿದರೆ ಸಾವಿರ ವರ್ಷ ಆಯಸ್ಸು ಅಂತಾರಲ್ಲ, ಅದನ್ನೇ ನಂಬಿದ. ಒಂದು ತಪ್ಪು ಮಾಡಿದ. ಮಗಳು ಮೋನಿಷಾ ತಾನೂ ಬೋಟಿಗೆ ಬರುತ್ತೇನೆಂದು ಹಟ ಹಿಡಿದಳು, ಹ್ಞೂಂ ಅಂದ. ಹನ್ನೊಂದು ವರ್ಷದ ಹುಡುಗಿ, ಓದುತ್ತಿದ್ದದ್ದು ಇಂಗ್ಲಿಷ್ ಮೀಡಿಯಮ್ಮಿನಲ್ಲಿ!

ಆ ಸಂಜೆ ಹಲಸೂರಿಗೆ ಬಂದ ಅನ್ಸೆಲ್ಮೊ ತನ್ನಪ್ಪ ಕಳಿಸಿದ ಒಂದು ಸಣ್ಣ ಸೀಸೆ ಜೇನುತುಪ್ಪ ತಂದಿದ್ದ. ಅದನ್ನು ಸಂಜೀವಪ್ಪನಿಗೆ ಕೊಟ್ಟು, ಅವನ ಬಲಗೈಯನ್ನು ತನ್ನ ಎರಡೂ ಕೈಯಲ್ಲಿ ಹಿಡಿದುಕೊಂಡ. ದೋಣಿ ಹತ್ತಿದ ಮೇಲೂ ಪಕ್ಕದಲ್ಲೇ ಕೂತು ಆ ಕೈ ಬಿಡಲಿಲ್ಲ. ಮುದುಕ ನಾಚಿಕೊಂಡು ಒಂದೆರಡು ಸಲ ಎಳೆದುಕೊಳ್ಳಲು ನೋಡಿ ಆಮೇಲೆ ಸುಮ್ಮನಾದ. ಹೊರಗಿನವರೊಬ್ಬರು ಆ ಕೈಯನ್ನು ಹಾಗೆ ಹಿಡಿದದ್ದು ಅದೇ ಮೊದಲು.

ಬೋಟಿನವನು ಹುಟ್ಟು ಹಾಕುತ್ತ ನಡುಗಡ್ಡೆಯ ಕಡೆ ಹೊರಟ. ನೀರು ಹಸಿರಾಗಿತ್ತು, ಅಂಚಿನಲ್ಲಿ ಗಬ್ಬು ವಾಸನೆ ಬೇರೆ. ಅನ್ಸೆಲ್ಮೊ ಮೂಗು ಮುಚ್ಚಿಕೊಳ್ಳಲಿಲ್ಲ.

“ಈ ಕೆರೆಯನ್ನು ಎಷ್ಟು ವರ್ಷ ಕಾದಿರಿ ಅಂತ ಅಪ್ಪನನ್ನು ಕೇಳು.”

ಮುನಿರಾಜು ಅಪ್ಪನ ಕಡೆ ತಿರುಗಿ, “ನಿಮ್ಗೆ ಎಷ್ಟು ವಯಸ್ಸು ಅಂತ ಕೇಳ್ತಿದ್ದಾರೆ” ಅಂದ.

“ಎಪ್ಪತ್ತು ದಾಟೈತೆ ಅನ್ನು.”

“ಎಪ್ಪತ್ತು ವರ್ಷ” ಎಂದು ಇಂಗ್ಲಿಷಿನಲ್ಲಿ ಹೇಳಿದ ಮುನಿರಾಜು. ಅನ್ಸೆಲ್ಮೊ ಆ ಕೈಯನ್ನು ಇನ್ನೂ ಬಿಗಿಯಾಗಿ ಒತ್ತಿದ.

“ಕಾಲುವೆ ಯಾವ ಕಡೆ ಹೊರಡುತ್ತದೆ?”

“ಕೆರೆ ಹೆಂಗಿದೆ ಅಂತಿದ್ದಾರೆ, ಅಪ್ಪಾ.”

“ಏನ್ ಹೆಂಗೈತೆ? ಕೊಳ್ತು ನಾರ್ತೈತೆ. ನೀರು ಹೊರಕ್ಕೆ ಹೋಗೋ ದಾರಿ ಕಟ್ದವ್ರು ಯಾರೋ, ಅವ್ರ ಮನೆ ಹಾಳಾಗ.”

“ಆ ಮರಗಳ ಹಿಂದೆ ಇದೆಯಂತೆ” ಅಂದ ಮುನಿರಾಜು.

“ಅಪ್ಪಾ, ಅಂಕಲ್ ಅದನ್ನ ಕೇಳ್ಲಿಲ್ಲ. ತಾತನೂ ಹಂಗೆ ಹೇಳ್ಲಿಲ್ಲ” ಅಂದಳು ಮೋನಿಷಾ.

“ಸುಮ್ನಿರು ನೀನು.”

“ಏನ್ ಕೇಳ್ದ ಮಗಾ ಅವ್ನು?” ಎಂದು ಸಂಜೀವಪ್ಪ ಮೊಮ್ಮಗಳನ್ನೇ ಕೇಳಿದ.

“ಇದು ನಿಮ್ಮ ಕೆರೆ ಅಂತೆ, ತಾತ. ಎಷ್ಟು ವರ್ಷ ಕಾದ್ರಿ, ನಿಮ್ಮ ಕಾಲುವೆ ಎಲ್ಲಿದೆ, ಅಂತ ಕೇಳಿದ್ರು.”

ಸಂಜೀವಪ್ಪ ಮಗನ ಮುಖ ನೋಡಿದ. ಮುನಿರಾಜು ತಲೆ ತಗ್ಗಿಸಿ ದೋಣಿಯ ತಳದಲ್ಲಿ ನಿಂತಿದ್ದ ಒಂದು ಬೊಗಸೆ ನೀರನ್ನು ನೋಡುತ್ತ ಕೂತ. ಇಳಿದು ಓಡೋಣವೆಂದರೆ ಸುತ್ತ ನೀರು. ಭೂಮಿ ಬಾಯಿ ಬಿಡಬಾರದೇ ಅಂದುಕೊಳ್ಳಲು ಭೂಮಿಯೂ ಇರಲಿಲ್ಲ.

“ನಂ ಕೆರೆ ಇದಲ್ಲ ಅನ್ನು” ಅಂದ ಸಂಜೀವಪ್ಪ ಮೊಮ್ಮಗಳಿಗೆ. “ನಮ್ದು ಹೊರಮಾವಿನ ತಾವ ಐತೆ. ಕಾಲುವೆ ಮುಚ್ಚೋಯ್ತು, ಅದ್ರ ಮ್ಯಾಲೆ ಮನೆ ಆಗೈತೆ ಅನ್ನು.”

ಮೋನಿಷಾ ಹೇಳಿದಳು. ಅನ್ಸೆಲ್ಮೊ ಮುನಿರಾಜುವಿನ ಕಡೆ ನೋಡಿ, “ಮುಚ್ಚಿದ್ದು ಯಾರು?” ಎಂದು ಮೆಲ್ಲಗೆ ಕೇಳಿದ.

ಮೋನಿಷಾಗೆ ಇದರ ಉತ್ತರ ಗೊತ್ತಿರಲಿಲ್ಲ. ಅವಳೂ ಅಪ್ಪನನ್ನೇ ನೋಡಿದಳು. ‘ನಾನು’ ಅನ್ನುವ ಒಂದೇ ಒಂದು ಮಾತು ಸಾಕಿತ್ತು. ಮುನಿರಾಜು ತಲೆ ಎತ್ತಲಿಲ್ಲ.

“ಏನಂತೆ?” ಅಂದ ಸಂಜೀವಪ್ಪ. ಮೋನಿಷಾ ಪ್ರಶ್ನೆಯನ್ನು ಕನ್ನಡದಲ್ಲಿ ಹೇಳಿದಳು. ಮುದುಕ ಮಗನ ತಗ್ಗಿದ ತಲೆಯನ್ನು ಒಂದು ಗಳಿಗೆ ನೋಡಿದ. ಅನ್ಸೆಲ್ಮೊ ಹಿಡಿಯದ ಎಡಗೈಯಿಂದ ಮಗನ ಮಂಡಿ ತಟ್ಟಿದ.

“ನಮ್ಮಪ್ಪನೇ ಅನ್ನು, ಮುನಿರಾಜ. ಹೆಬ್ಬೆಟ್ಟು ನಂದೇ ಅಲ್ವೇನಪ್ಪ? ಗೊತ್ತಿದ್ದೇ ಒತ್ದೆ ಅನ್ನು. ನನ್ ಮಗನ್ದೇನೂ ತಪ್ಪಿಲ್ಲ ಅನ್ನು.”

ಆ ಸಂಜೆಯೆಲ್ಲ ಮುನಿರಾಜು ಒಂದು ಮಾತನ್ನೂ ಇದ್ದಂತೆ ತರ್ಜುಮೆ ಮಾಡಿರಲಿಲ್ಲ. ಥೂ, ಅವನ ಜನ್ಮಕ್ಕಿಷ್ಟು! ಇದೊಂದನ್ನು ಮಾತ್ರ, ಒಂದಕ್ಷರ ಬಿಡದೆ, ಅಪ್ಪ ಹೇಳಿದ ಹಾಗೇ ಇಂಗ್ಲಿಷಿನಲ್ಲಿ ಹೇಳಿದ.

ಅನ್ಸೆಲ್ಮೊ ಸಂಜೀವಪ್ಪನ ಕೈಯಿಂದ ತನ್ನ ಕೈಗಳನ್ನು ತೆಗೆದು, ಮುಖ ತಿರುಗಿಸಿ ನೀರಿನ ಕಡೆ ಕೂತ. ಮುದುಕನ ಬಲಗೈ ಇದ್ದ ಜಾಗದಲ್ಲೇ ಸ್ವಲ್ಪ ಹೊತ್ತು ತೆರೆದುಕೊಂಡಿತ್ತು. ಆಮೇಲೆ ಅವನು ಅದನ್ನು ಪಂಚೆಗೆ ಒರೆಸಿಕೊಂಡು ಮಡಿಲಲ್ಲಿಟ್ಟುಕೊಂಡ.

“ಈಗ ಕರೆಕ್ಟಾಗಿ ಹೇಳಿದ್ರಿ, ಅಪ್ಪಾ” ಅಂದಳು ಮೋನಿಷಾ.

ಬೋಟಿನವನು ದೋಣಿಯನ್ನು ದಡದ ಕಡೆ ತಿರುಗಿಸಿದ.