ರೀಲಿನಲ್ಲಿಲ್ಲದ ಕೈ

ಈ ವಾಸನೆ, ಹಳೇ ಫಿಲ್ಮಿನದು, ಹುಳಿ ಹುಳಿ, ಮೂಗಿಗೆ ಅಡರುತ್ತಿದೆ, ಅಡರಲಿ, ಈಗ ಬರುತ್ತದೆ, ನಾಯಕಿ ಮನೆ ಬಿಡುವ ದೃಶ್ಯ, ಬಾಗಿಲ ಚೌಕಟ್ಟಿನ ಮೇಲೆ ಕೈ, ಬೆರಳಿಗೆ ಬಟ್ಟೆಯ ಪಟ್ಟಿ, ಅರ್ಧ ತಿರುಗಿದ ಮುಖ — ಬರಲಿಲ್ಲ, ಬಾಗಿಲು ಮುಚ್ಚಿತು, ಬೀದಿ ಬಂತು, ಕುದುರೆಗಾಡಿ ಬಂತು. ಇನ್ನೊಮ್ಮೆ ಹಾಕಮ್ಮ. ಹಾಕಿದೆನಲ್ಲ ಸರ್, ಎನ್ನುತ್ತಾಳೆ ಯಂತ್ರ ನೋಡಿಕೊಳ್ಳುವವಳು, ರೀಲು ಎಲ್ಲೂ ಕಟ್ಟಾಗಿಲ್ಲ, ಅಂಟಿಸಿದ ಗುರುತೂ ಇಲ್ಲ, ಆ ಶಾಟ್ ಇದರಲ್ಲಿ ಇರ್ಲೇ ಇಲ್ಲ ಅನ್ಸುತ್ತೆ. ಇರಲೇ ಇಲ್ಲವಂತೆ! ನನ್ನ ಪುಸ್ತಕ ನಿಂತಿರುವುದೇ ಅದರ ಮೇಲೆ, ನೌಕರಿಯೂ, ಹೆಸರೂ — ಆಗೆಲ್ಲ ಹಾಗೇ ತಾನೆ, ಥಿಯೇಟರಿನಲ್ಲಿ ಒಮ್ಮೆ ನೋಡುವುದು, ಕತ್ತಲಲ್ಲೇ ಗೀಚಿಕೊಳ್ಳುವುದು, ಮನೆಗೆ ಬಂದು ನೆನಪಿನಿಂದ ಬರೆಯುವುದು, ಮತ್ತೆ ನೋಡೋಣವೆಂದರೆ ಚಿತ್ರದ ಪ್ರತಿಯೇ ನಾಪತ್ತೆ, ಈಗ ಯಾರದೋ ಅಟ್ಟದಲ್ಲಿ ಸಿಕ್ಕಿ ನನ್ನ ಮಾನ ತೆಗೆಯಲು ಬಂದಿದೆ. ಕಣ್ಣಿಗೆ ಕಟ್ಟಿದ ಹಾಗೆ ಬರೆದಿದ್ದೀರಿ ಎಂದಿದ್ದರು ಎಲ್ಲರೂ, ಆ ಪಟ್ಟಿಯ ಮೇಲೇ ಒಂದು ಅಧ್ಯಾಯ, ಹೆಣ್ಣಿನ ದುಡಿಮೆಯನ್ನೆಲ್ಲ ನಿರ್ದೇಶಕ ಒಂದು ಬೆರಳಿನಲ್ಲಿ ಹೇಳಿಬಿಟ್ಟ ಎಂದು, ತರಗತಿಯಲ್ಲಿ ಬಾಗಿಲ ಬಳಿ ನಿಂತು ಕೈಯಿಟ್ಟು ತೋರಿಸುತ್ತಿದ್ದೆ, ಹೀಗೆ, ನೀಲಿ ಗೆರೆಯ ಪಟ್ಟಿ, ಹೀಗೆ — ನೀಲಿಯೇ? ಕಪ್ಪು ಬಿಳುಪು ಚಿತ್ರದಲ್ಲಿ ನೀಲಿ ಎಲ್ಲಿಂದ ಬಂತು?

ನನ್ನ ಹಳೇ ಅಂಗಿಯದು. ಈರುಳ್ಳಿ ಹೆಚ್ಚುವಾಗ ಬೆರಳು ಕೊಯ್ದುಕೊಂಡು ಅದನ್ನೇ ಹರಿದು ಸುತ್ತಿಕೊಂಡಿದ್ದಳು ನನ್ನವಳು, ನಾನು ಇದೇ ಚಿತ್ರದ ಬಗ್ಗೆ ಬರೆಯುತ್ತಾ ಕೂತಿದ್ದೆ, ಆ ಸಿನಿಮಾದವಳು ನಂಗೆ ಸವತಿ ಆಗ್ಬಿಟ್ಳು ನೋಡಿ ಎಂದು ನಗುತ್ತಿದ್ದವಳು ಆ ಸಂಜೆ ನಗಲಿಲ್ಲ, ರೀ, ಯಾಕೋ ಉಸಿರಾಡೋಕೆ ಆಗ್ತಿಲ್ಲ, ಆಸ್ಪತ್ರೆಗೆ ಹೋಗ್ತೀನಿ, ನೀವೂ ಬರ್ತೀರಾ? ನೀನು ಹೋಗಿರು, ಈ ಪುಟ ಮುಗಿಸಿ ಬಂದೆ. ಪುಟ ಮುಗಿಯಿತು, ಆಸ್ಪತ್ರೆಗೆ ಹೋದೆ, ಅಷ್ಟರಲ್ಲಿ ಮುಖದ ಮೇಲೆ ಹೊದಿಕೆ ಎಳೆದಿದ್ದರು. ತಲೆಯೆತ್ತಿ ನೋಡಲೂ ಇಲ್ಲವಲ್ಲ ಎಂದು ಇಷ್ಟು ವರ್ಷ ಒಬ್ಬನೇ ಅತ್ತಿದ್ದೇನೆ, ಕೊನೆಯ ಮುಖವೂ ನನಗೆ ಉಳಿಯಲಿಲ್ಲ ಎಂದು — ಎತ್ತಿದ್ದೆನಲ್ಲ, ನೋಡಿದ್ದೆನಲ್ಲ, ಉಸಿರು ಸಾಲದೆ ಚೌಕಟ್ಟು ಹಿಡಿದು ನಿಂತವಳನ್ನು ಬೆರಳ ತುದಿಯವರೆಗೂ ನೋಡಿ, ಮತ್ತೆ ಹಾಳೆಗೆ ತಿರುಗಿ, ಎಷ್ಟು ಚೆನ್ನಾಗಿ ಬರೆದೆ, ಇನ್ನೊಬ್ಬಳ ಹೆಸರಿಗೆ. ನಿಲ್ಲಿಸ್ಲಾ ಸರ್? ಪರದೆ ಬರೀ ಬಿಳಿ, ರೀಲಿನ ಬಾಲ ಪಟಪಟ ಬಡಿಯುತ್ತಿದೆ, ಬೇಡಮ್ಮ, ಇರಲಿ, ಅಲ್ಲಿ, ಚೌಕಟ್ಟಿನ ಮೇಲೆ ಕೈ, ನೀಲಿ ಗೆರೆಯ ಪಟ್ಟಿ, ಅರ್ಧ ತಿರುಗಿದ ಮುಖ, ನೀವೂ ಬರ್ತೀರಾ, ಚೌಕಟ್ಟಿನ ಮೇಲೆ ಕೈ, ಕೈ