ಬಿಟ್ಟುಕೊಟ್ಟವನ ಬಲಗೈ

ಮೂವತ್ತು ವರ್ಷ ಹೊತ್ತು ಮೆರೆದ ಕುಲದ ಯಜಮಾನನಿಗೆ ಸಲ್ಲುವ 'ತುಯಾಲಿ' ಎಂಬ ಹೆಸರನ್ನು ಸೋದರಳಿಯ ಪೌಲೋನಿಗೆ ಕೊಟ್ಟ ಮೇಲೆ ಮುದುಕ ಮತ್ತೆ ಬರೀ ಇಯೋಸೆಫೊ ಆದ. "ಅಧಿಕಾರ ಬಿಟ್ಟುಕೊಡೋದು ಅಂದ್ರೆ ಏನು ಅಂತ ನನ್ನ ನೋಡಿ ಕಲೀರಿ" ಎಂದು ಸಮೋವಾದ ಆ ಹಳ್ಳಿಯಲ್ಲಿ ಸಿಕ್ಕಸಿಕ್ಕವರ ತಲೆ ತಿಂದ.

ಸೋಮವಾರ ಯಜಮಾನರ ಸಭೆ ಸೇರಿತು. ಯಜಮಾನನಾಗಿ ತಾನು ಒರಗುತ್ತಿದ್ದ ಕಂಬವನ್ನು ಅಳಿಯನಿಗೆ ಬಿಟ್ಟು, ಇಯೋಸೆಫೊ ಒರಗಲು ಏನೂ ಇಲ್ಲದ ಕಡೆ ಚಾಪೆಯ ಮೇಲೆ ಕೂತ. ಎಂಥ ದೊಡ್ಡ ಮನಸ್ಸಪ್ಪಾ ನನ್ನದು ಎಂದು ಅವನಿಗೇ ಕಣ್ಣು ತುಂಬಿ ಬಂತು. ಅಷ್ಟರಲ್ಲಿ ಆವಾ ಪಾನೀಯ ಹಂಚುವವರು ಕೂಗಿದರು: "ತುಯಾಲಿಯವರ ಬಟ್ಟಲು!"

ಇಯೋಸೆಫೊನ ಬಲಗೈ ತಾನಾಗಿಯೇ ಮುಂದಕ್ಕೆ ಚಾಚಿತು. ಬಟ್ಟಲು ಅದರ ಪಕ್ಕದಲ್ಲೇ ಹಾದು ಪೌಲೋನ ಬಳಿ ಹೋಯಿತು. ಸಭೆಗೆ ಸಭೆಯೇ ತಲೆ ತಗ್ಗಿಸಿ ಚಾಪೆ ನೋಡತೊಡಗಿತು.

ಪಕ್ಕದಲ್ಲಿದ್ದ ಹಳೆಯ ಗೆಳೆಯ ಸೆಮೊ ಪಿಸುಗುಟ್ಟಿದ: "ಏನೋ, ಮಳೆ ಬರ್ತಿದ್ಯಾ ಅಂತ ನೋಡ್ತಿದೀಯಾ?"

"ಇಲ್ಲ ಕಣೋ," ಎಂದ ಇಯೋಸೆಫೊ. "ಬಿಟ್ಟುಕೊಟ್ಟಿದ್ದು ಬಾಯಿ. ಕೈಗಿನ್ನೂ ಸುದ್ದಿ ಮುಟ್ಟಿಲ್ಲ."

ಇಬ್ಬರೂ ಬಾಯಿ ಮುಚ್ಚಿಕೊಂಡು ನಕ್ಕರು. ಇಯೋಸೆಫೊ ಬಾಯಿ ಮುಚ್ಚಿಕೊಂಡದ್ದು ಎಡಗೈಯಲ್ಲಿ. ಬಲಗೈ ಇನ್ನೂ ಚಾಚಿಕೊಂಡೇ ಇತ್ತು.