ಕಲ್ಲಿನ ಕಿವಿಯಲ್ಲಿ ಕುರ್ರ್

ಮಸ್ಕಿ ಮಲ್ಲಯ್ಯನ ಮೇಲೆ ಆಣೆ ಮಾಡಿ ಹೇಳುತ್ತೇನೆ, ಇದರಲ್ಲಿ ಒಂದು ಮಾತೂ ಸುಳ್ಳಲ್ಲ. ನನ್ನ ಹೆಸರು ಕರಿಬಸಯ್ಯ. ಲಿಂಗಸುಗೂರು-ಸಿಂಧನೂರು ನಡುವೆ ಕ್ರೂಸರ್ ಓಡಿಸುತ್ತೇನೆ. "ಈಗ ಬಿಡ್ತೈತಿ, ಈಗ ಬಿಡ್ತೈತಿ" ಎಂದು ಅರ್ಧ ತಾಸು ನಿಂತಲ್ಲೇ ಕೂಗುವುದು ಸುಳ್ಳಿನ ಲೆಕ್ಕಕ್ಕೆ ಬರುವುದಿಲ್ಲ. ಅದು ಧಂದೆ.

ಅವತ್ತು ತುರ್ವಿಹಾಳದಲ್ಲಿ ನಮ್ಮ ಅಣ್ಣನ ಮಗ ವೀರೇಶನ ಕೂಸಿಗೆ ತೊಟ್ಟಿಲ ಕಾರ್ಯ. ತುರ್ವಿಹಾಳ ಅವನ ಹೆಂಡತಿ ಅಶ್ವಿನಿಯ ತವರು. ಗುರುಗುಂಟಾದಿಂದ ವೀರೇಶನ ಅಕ್ಕ ಶೇಖರಮ್ಮನನ್ನು ನಾನೇ ಗಾಡಿಯಲ್ಲಿ ಕರೆತಂದಿದ್ದೆ. ನಮ್ಮ ಕಡೆ ಕೂಸಿಗೆ ಹೆಸರಿಡುವವಳು ಸೋದರತ್ತೆ. ಅವಳು ಕೂಸಿನ ಕಿವಿಗೆ ಬಾಯಿ ಹಚ್ಚಿ "ಕುರ್ರ್" ಎಂದು ಹೆಸರು ಹೇಳಬೇಕು. ಹೇಳುವಾಗ ಸುತ್ತ ನಿಂತ ಹೆಂಗಸರು ಅವಳ ಬೆನ್ನಿಗೆ ಗುದ್ದಬೇಕು. ಆ ಗುದ್ದು ತಿನ್ನುವುದೇ ಒಂದು ಮರ್ಯಾದೆ. ಶೇಖರಮ್ಮನಿಗೆ ಇರುವವನು ಒಬ್ಬನೇ ತಮ್ಮ. ಅವನ ಮದುವೆಯಾದಾಗಿನಿಂದ ಅವಳು ತನ್ನ ಪಾಲಿನ ಗುದ್ದಿಗೆ ಕಾಯುತ್ತಿದ್ದಳು. ದಾರಿಯುದ್ದಕ್ಕೂ, ಮಸ್ಕಿಯಲ್ಲಿ ಚಹಾ ಕುಡಿಯುವಾಗಲೂ, ಮನಸ್ಸಿನಲ್ಲಿದ್ದ ಹೆಸರನ್ನು ನನಗೂ ಬಿಟ್ಟುಕೊಟ್ಟಿರಲಿಲ್ಲ. "ಮೊದಲ ಕೂಸು ಕೇಳ್ಬೇಕು ಕಾಕಾ, ಆಮ್ಯಾಲ ಊರು" ಅಂದಿದ್ದಳು.

ಮನೆಯೊಳಗೆ ಕಾಲಿಟ್ಟರೆ ತೊಟ್ಟಿಲ ಹಿಂದೆ ನೀಲಿ ಪರದೆ. ಪರದೆಯ ಮೇಲೆ ಬಂಗಾರ ಬಣ್ಣದ ಥರ್ಮಾಕೋಲ್ ಅಕ್ಷರ: ನಿವಾಂಶ್. ಸಿಂಧನೂರಿನ ಡೆಕೋರೇಷನ್ನಿನವರು ಬೆಳಿಗ್ಗೆಯೇ ಅಂಟಿಸಿ ಹೋಗಿದ್ದರು.

ಶೇಖರಮ್ಮ ಅದನ್ನು ಓದಿದಳು. ಸೀದಾ ಅಡುಗೆಮನೆಗೆ ನಡೆದು, ನಮಗೆಲ್ಲ ಬೆನ್ನು ಮಾಡಿ ಹೂರಣದ ಬುಟ್ಟಿಯ ಮುಂದೆ ಕುಳಿತಳು. "ಹೆಸರು ಇಟ್ಟಾಗೈತಿ. ನಾ ಹೋಳಿಗಿ ಮಾಡಾಕ ಬಂದೀನಿ" ಎಂದಳು. ಆಮೇಲೆ ಬಾಯಿಗೆ ಬೀಗ.

ವೀರೇಶ ನನ್ನನ್ನು ಮೂಲೆಗೆ ಎಳೆದ. "ಕಾಕಾ, ಏನಾರ ಮಾಡ್ರಿ. ಅಕ್ಕ ಕುರ್ರ್ ಅನ್ನಲಿಲ್ಲಂದ್ರ ಕೂಸಿನ್ನ ತೊಟ್ಟಿಲಾಗ ಹ್ಯಾಂಗ ಹಾಕೋದು? ಇವತ್ತು ಮುನಿಸ್ಕೊಂಡು ಹೋದ್ಲಂದ್ರ ಮತ್ತ ನಮ್ಮನಿ ಹೊಸ್ತಿಲಾ ತುಳಿಯಂಗಿಲ್ಲ ಆಕಿ."

"ನಿನ್ನ ಹೆಂಡ್ತಿಗೆ ಹೇಳಲೇ."

"ಹೇಳೀನಿ. ಅದಕ್ಕs ನಿಮ್ಮ ಕಡೆ ಬಂದೀನಿ."

ಅಶ್ವಿನಿ ಪಡಸಾಲೆಯಲ್ಲಿ ಕೂಸನ್ನು ತೊಡೆಯ ಮೇಲೆ ಮಲಗಿಸಿಕೊಂಡು ಕುಳಿತಿದ್ದಳು. ಪಡಸಾಲೆಗೂ ಅಡುಗೆಮನೆಗೂ ನಡುವೆ ಒಂದು ತೆರೆದ ಬಾಗಿಲು ಮಾತ್ರ. ನಾನು ಬಸ್ ಸ್ಟ್ಯಾಂಡಿನ ದನಿಯಲ್ಲೇ ಮಾತು ಶುರು ಮಾಡಿದೆ.

"ಏನವ್ವ, ನಿವಾಂಶ್ ಅಂದ್ರ ಏನು?"

"ಭಾಳ ಛಲೋ ಅರ್ಥ ಐತ್ರಿ ಕಾಕಾರ. ಫೋನಿನ್ಯಾಗ ಐತಿ. ಫೋನ್ ಚಾರ್ಜಿಗೆ ಹಾಕೀನಿ."

"ಹಂಗಾದ್ರ ಚಾರ್ಜ್ ಆಗಲಿ."

"ನೀವು ಯಾಕ ಬಂದೀರಿ ಗೊತ್ತೈತಿ. ನಾ ಹೆಸರು ತಗಿಯಂಗಿಲ್ಲ. ಅಕ್ಕಾರು ಏನ್ ಹೆಸರು ತಂದಾರೋ ಯಾರಿಗೆ ಗೊತ್ತು? ನಿಮ್ಮ ಹೆಸರs ಇಟ್ಟುಬಿಟ್ರ?"

"ಇಡಲಿ ಬಿಡು. ಕರಿಬಸಯ್ಯ ಅಂತ ಕೂಗಿದ್ರ ಲಿಂಗಸುಗೂರು ಸ್ಟ್ಯಾಂಡ್ ಪೂರಾ ತಿರುಗಿ ನೋಡ್ತೈತಿ."

"ಅದಕ್ಕs ಬ್ಯಾಡ."

"ನಾ ಹೆಸರಿನ ಸುದ್ದೀನs ಎತ್ತಂಗಿಲ್ಲ ತಾಯಿ. ಗವಿ ಸುದ್ದಿ ಹೇಳ್ತೀನಿ, ಕೇಳು."

ಹೇಳಿದೆ. ಗುರುಗುಂಟಾದ ಲಾಲ್‌ಸಾಬ್‌ನ ಹೋತವೊಂದು ಗುಡ್ಡದ ಬಿಲದಲ್ಲಿ ಇಳಿದು ಹೋಯಿತು. ಹಿಂದೆಯೇ ಇಳಿದ ಲಾಲ್‌ಸಾಬ್, ಹೋತವನ್ನು ಬಿಟ್ಟು ಓಡಿ ಬಂದು ನನ್ನನ್ನು ಕರೆದ. ನಾನು ಗಾಡಿಯ ಬ್ಯಾಟರಿ ಬಿಚ್ಚಿ, ಹೆಡ್‌ಲೈಟ್ ಹೆಗಲಿಗೇರಿಸಿ ಒಳಗೆ ಹೋದೆ. ಕಲ್ಯಾಣ ಮಂಟಪದಷ್ಟು ದೊಡ್ಡ ಗವಿ. ಮೇಲಿನಿಂದ ಕಲ್ಲುಗಳು ದನದ ಕೆಚ್ಚಲಿನಂತೆ ಇಳಿಬಿದ್ದಿದ್ದವು. ತುದಿಯಿಂದ ಹನಿ ತೊಟ್ಟಿಕ್ಕುತ್ತಿತ್ತು. ಹನಿ ಬಿದ್ದಲ್ಲೆಲ್ಲ ಕೆಳಗಿನಿಂದಲೂ ಕಲ್ಲು ಎದ್ದಿತ್ತು.

"ಕಾಕಾರ, ಅಂಥ ಗವಿ ಸುಣ್ಣದ ಕಲ್ಲಿನ್ಯಾಗ ಆಗ್ತಾವು. ನಮ್ಮ ಕಡೆ ಇರೋವು ಕರಿಗಲ್ಲ ಗುಡ್ಡ."

"ಅದು ಗುಡ್ಡಕ್ಕ ಗೊತ್ತಿರಲಿಲ್ಲವ್ವ."

ಸುದ್ದಿ ಹಬ್ಬಿ ಜನ ನೋಡಲು ಬಂದರು. ಲಾಲ್‌ಸಾಬ್ ಮುಂದೆ ನಡೆದು ತೋರಿಸುತ್ತಿದ್ದ. "ಇದೇನು?" ಎಂದರೆ "ಕಲ್ಲು" ಎನ್ನುತ್ತಿದ್ದ. "ಅದು?" ಎಂದರೆ "ಅದೂ ಕಲ್ಲs" ಎನ್ನುತ್ತಿದ್ದ. ಜನ ಬೇಜಾರಾಗಿ ಹೊರಟು ಹೋದರು. ಲಿಂಗಸುಗೂರು ತಾಲೂಕಿನವರಿಗೆ ಕಲ್ಲು ನೋಡಲು ಗವಿ ಯಾಕೆ ಬೇಕು, ಹೊಲಕ್ಕೆ ಹೋದರೆ ಆಯಿತಲ್ಲ.

ಆಂಧ್ರದ ಕಡೆಯ ಒಂದು ದೊಡ್ಡ ಗವಿಗೆ ಹಿಂದೊಮ್ಮೆ ನಾನು ಟ್ರಿಪ್ ಒಯ್ದಿದ್ದೆ. ಅಲ್ಲಿಯ ಗೈಡ್ ಟಾರ್ಚಿನ ಬೆಳಕು ಬಿಟ್ಟು ತೆಲುಗಿನಲ್ಲಿ, ಇದು ಶಿವನ ಜಟೆ, ಅದು ಮೊಸಳೆ ಬಾಯಿ ಎನ್ನುತ್ತಿದ್ದ. ಅವನು ಹೇಳುವ ತನಕ ಅಲ್ಲಿ ಬರೀ ಕಲ್ಲಿತ್ತು. ಹೇಳಿದ ಮೇಲೆ ಜನ ಜಟೆಗೆ ಕೈ ಮುಗಿಯುತ್ತಿದ್ದರು, ಮೊಸಳೆಗೆ ಹೆದರಿ ಹಿಂದೆ ಸರಿಯುತ್ತಿದ್ದರು. ಆಗ ನನಗೆ ಹೊಳೆದದ್ದು, ಗವಿಯಲ್ಲಿ ಜನ ನೋಡುವುದು ಕಲ್ಲನ್ನಲ್ಲ, ಹೆಸರನ್ನು. ನಾವೂ ಊರಲ್ಲಿ ಕೂಡಿ, ಯೋಚಿಸಿ, ಬೋರ್ಡು ಬರೆಸಿದೆವು. ಐರಾವತ, ಕಾಮಧೇನು, ಹೆಡೆ ಎತ್ತಿದ ನಾಗಪ್ಪ. ಒಂದೊಂದು ಕಲ್ಲಿನ ಮುಂದೆ ಒಂದೊಂದು ಬೋರ್ಡು ನೆಟ್ಟೆವು.

ಮರುದಿನ ಹೋಗಿ ನೋಡಿದರೆ ಬೋರ್ಡು ನೆಟ್ಟ ಕಲ್ಲುಗಳ ಮೇಲೆಲ್ಲ ಹನಿ ಬೀಳುವುದೇ ನಿಂತಿತ್ತು. ಉಳಿದವಕ್ಕೆ ಎಂದಿನಂತೆ ಟಪ್ ಟಪ್. ಇವಕ್ಕೆ ಮಾತ್ರ ಒಂದು ತೊಟ್ಟೂ ಇಲ್ಲ.

"ಯಾಕ?" ಅಶ್ವಿನಿ ಕೇಳಿದಳು. ಕೇಳಿದ ಮೇಲೆ ನಾಲಗೆ ಕಚ್ಚಿಕೊಂಡಳು.

"ಲಾಲ್‌ಸಾಬ್‌ನ ಅವ್ವ ಶಂಶಾದ್‌ಬೀ ಬಂದು ನೋಡಿದ್ಲು. 'ಎಲ್ಲಾರೂ ಓದಿದ ಮ್ಯಾಲ ಕಲ್ಲಿಗೆ ಏನ್ ಉಳೀತು? ಹೆಸರು ಮೊದಲ ಅದರ ಕಿವಿಗೆ ಬೀಳಬೇಕು. ಮುನಿಸ್ಕೊಂಡಾವು. ಯಾರರ ಸೋದರತ್ತಿನ ಕರಕೊಂಡು ಬರ್ರೋ' ಅಂದ್ಲು."

"ಕಲ್ಲಿಗೆ ಸೋದರತ್ತಿ ಎಲ್ಲಿಂದ ಬರಬೇಕ್ರಿ?"

"ಕಲ್ಲಿನ ಅಪ್ಪ ಯಾರು? ಗುಡ್ಡ. ಗುಡ್ಡಕ್ಕ ಅಕ್ಕ-ತಂಗಿ ಯಾರು? ನಾಗರಪಂಚಮಿಗೆ ತಪ್ಪದs ಆ ಗುಡ್ಡದ ಹುತ್ತಕ್ಕ ಹಾಲು ಎರಿಯಾಕಿ. ಅಂದ್ರ ನಮ್ಮ ಶೇಖರಮ್ಮ."

ಅಡುಗೆಮನೆಯಲ್ಲಿ ಲಟ್ಟಣಿಗೆ ನಿಂತಿತು.

ಶೇಖರಮ್ಮ ರೇಷ್ಮೆ ಸೀರೆ ಉಟ್ಟು ಗವಿಗೆ ಇಳಿದಳು. ಬೋರ್ಡೇ ಇಲ್ಲದ ಒಂದು ದೊಡ್ಡ ಕಲ್ಲಿನ ಮುಂದೆ ನಿಂತು ಕಿವಿ ಎಲ್ಲಿದೆ ಎಂದು ಬಹಳ ಹೊತ್ತು ತಡಕಾಡಿದಳು. ಸಿಕ್ಕಿತು. ಬಾಯಿ ಹಚ್ಚಿ "ಕುರ್ರ್" ಎಂದಳು. ಗುರುಗುಂಟಾದ ಹೆಂಗಸರೆಲ್ಲ ಬೆನ್ನಿಗೆ ಗುದ್ದಿದ ಸದ್ದಿಗೆ ಬಾವಲಿಗಳು ಎದ್ದು ಹಾರಿದವು. ಆ ಊರಿಗೆ ಗುರುಗುಂಟಾ ಅಂತ ಹೆಸರು ಬಂದದ್ದೂ ಆ ಕುರ್ರ್ ಎಂಬ ಸದ್ದಿನಿಂದಲೇ.

"ಸುಳ್ಳ! ಹೋದ ಸಲ ಮಸ್ಕಿ ಹೆಸರು ಮಸ್ಕಾ ಹಚ್ಚೋದರಿಂದ ಬಂತು ಅಂದಿದ್ರಿ."

"ಅದೂ ಖರೇನs."

ಅಷ್ಟರಲ್ಲಿ ಅಡುಗೆಮನೆಯಿಂದ ಬೆನ್ನು ಮಾತಾಡಿತು. "ನಾ ಯಾವ ಗವ್ಯಾಗೂ ಇಳಿದಿಲ್ಲ! ಆಕಿ ಮುಂದ ಏನೇನರ ಹೇಳಬ್ಯಾಡ್ರಿ ಕಾಕಾ!"

"ನೋಡು, ಎಷ್ಟು ದೊಡ್ಡ ಗುಣ ಆಕಿದು. ಮಾಡಿದ್ದು ಹೇಳ್ಕೊಳ್ಳಂಗs ಇಲ್ಲ" ಎಂದು ಅಶ್ವಿನಿಗೆ ಹೇಳಿದೆ. ಮನೆಗೆ ಬಂದ ಮೇಲೆ ಶೇಖರಮ್ಮ ಎರಡನೇ ಸಲ ಬಾಯಿ ಬಿಟ್ಟಿದ್ದಳು. ಬಾಗಿಲಲ್ಲಿ ನಿಂತಿದ್ದ ವೀರೇಶ ಕಣ್ಣಲ್ಲೇ ನನಗೆ ಕೈ ಮುಗಿದ.

ಆ ಕಲ್ಲಿನ ಮೇಲೆ ಅವತ್ತೇ ಹನಿ ಶುರುವಾಯಿತು. ಮುಂದಿನ ಸೋಮವಾರದೊಳಗೆ ಕಲ್ಲಿಗೆ ಹೆಗಲು ಮೂಡಿತು, ಬೆನ್ನು ಮೂಡಿತು.

"ಕಾಕಾರ, ಅಂಥ ಕಲ್ಲು ಬೆರಳಷ್ಟು ಬೆಳಿಯಾಕ ನೂರಾರು ವರ್ಷ ಬೇಕು. ನಾ ಓದೀನಿ."

"ಅದು ಹೆಸರಿಲ್ಲದ ಕಲ್ಲಿಗೆ."

ಶೇಖರಮ್ಮ ಇಟ್ಟ ಹೆಸರು ಯಾರಿಗೂ ಗೊತ್ತಿರಲಿಲ್ಲವಲ್ಲ, ಹೀಗಾಗಿ ಬಂದವರೆಲ್ಲ ಊಹಿಸುತ್ತ ನಿಂತರು. ಪಾಮನಕಲ್ಲೂರಿನವರು ಬಸವಣ್ಣ ಎಂದರು. ಮಸ್ಕಿಯವರು ಆನೆ ಎಂದರು. ಸಿಂಧನೂರಿನಿಂದ ಬಂದ ಒಬ್ಬ ಅಕ್ಕಿ ಮಿಲ್ಲಿನ ಯಜಮಾನ ಮಾತ್ರ ಅದು ತನ್ನ ಅತ್ತೆ ಎಂದು ಗುರುತು ಹಿಡಿದು, ನಮಸ್ಕಾರ ಮಾಡಿ, ಬೇಗ ಹೊರಗೆ ಬಂದ. ನನ್ನ ಗಾಡಿಗೆ ಸೀಟು ಕೂಗುವ ಕೆಲಸವೇ ಇರಲಿಲ್ಲ.

"ಹಂಗಾದ್ರ ನಡ್ರಿ, ನಾಳೆ ನನಗೂ ತೋರಸ್ರಿ."

"ಎಲ್ಲಿ ತೋರಸ್ಲಿ ತಾಯಿ. ಒಬ್ಬ ಬಂದ. ಹೆಸರಿಲ್ಲದ ಕಲ್ಲು ನೋಡಾಕ ಛಲೋ ಕಾಣಂಗಿಲ್ಲ ಅಂತ ಅದರ ಮುಂದನೂ ಒಂದು ಬೋರ್ಡು ನೆಟ್ಟ. ಬಂಗಾರ ಬಣ್ಣದ ಅಕ್ಷರ. ಮರುದಿನ ಲಾಲ್‌ಸಾಬ್ ಹೋಗಿ ನೋಡ್ತಾನ, ಗವಿ ಬಾಯೀನs ಮುಚ್ಚೈತಿ. ಆ ಕಲ್ಲು ಒಳಗಿಂದ ಎದ್ದು ಬಂದು ಬಾಗಿಲದಾಗ ಕುಂತೈತಿ. ನಮ್ಮ ಕಡೆ ಬೆನ್ನು ಮಾಡಿ."

ಅಶ್ವಿನಿ ಅಡುಗೆಮನೆಯ ಕಡೆ ನೋಡಿದಳು. ಅಲ್ಲಿ ಕಾಣುತ್ತಿದ್ದದ್ದೂ ಒಂದು ಬೆನ್ನೇ. ಲಟ್ಟಣಿಗೆ ಇನ್ನೂ ನಿಂತೇ ಇತ್ತು.

"ಹಂಗs ಬಿಟ್ರೇನ್ರಿ ಮತ್ತ?" ಈಗ ಅವಳ ದನಿ ಇಳಿದಿತ್ತು.

"ಹ್ಯಾಂಗ ಬಿಡ್ತೀವಿ? ಎಲ್ಲಾರೂ ಕೂಡಿ ಹೋದ್ವಿ. ಬೋರ್ಡು ಗವಿ ಬಾಯಿ ಹೊರಗs ಬಿದ್ದಿತ್ತು. ಲಾಲ್‌ಸಾಬ್ ಅದನ್ನ ಎತ್ತಿ ಹಳ್ಳಕ್ಕ ಒಗೆದ. ಒಗೆದ ಕೂಡ್ಲೆ ಆ ಕಲ್ಲು ಜರಾ ಜರಾ ಅಲಗಾಡಿ…"

ಅಶ್ವಿನಿ ಕೂಸನ್ನು ನನ್ನ ತೊಡೆಗೆ ಹಾಕಿ ಎದ್ದೇಬಿಟ್ಟಳು. ಪರದೆಯ ಹತ್ತಿರ ಹೋಗಿ ಬಂಗಾರದ ಅಕ್ಷರಗಳನ್ನು ಒಂದೊಂದಾಗಿ ಕಿತ್ತಳು. ಕೊನೆಯದು ಗಟ್ಟಿಯಾಗಿ ಅಂಟಿತ್ತು, ಉಗುರು ಹಾಕಿ ಕಿತ್ತಳು. ಎಲ್ಲವನ್ನೂ ಸೆರಗಿನಲ್ಲಿ ಹಾಕಿಕೊಂಡು ಅಡುಗೆಮನೆಗೆ ಹೋದಳು.

"ಅಕ್ಕಾರ, ಹೂರಣ ಬಿಡ್ರಿ, ಕೈ ತೊಳ್ಕೊಳ್ರಿ. ನೀವು ಏನ್ ಹೆಸರು ತಂದೀರಿ ಅಂತ ನಾ ಕೇಳಂಗಿಲ್ಲ. ಕೂಸಿಗೆ ಹೇಳ್ರಿ."

ಲಟ್ಟಣಿಗೆ ಕೆಳಗಿಟ್ಟ ಸದ್ದು ಕೇಳಿಸಿತು.

"ನಿನ್ನ ನಿವಾಂಶ?"

"ಶಾಲಿಗೆ ಹಾಕೋವಾಗ ನೋಡೋಣು ಬಿಡ್ರಿ. ಆದ್ರ ಮೊದಲನೇ ಗುದ್ದು ನಂದು. ಬಂದಾಗಿಂದ ಕಾಡಸೀರಿ ನನ್ನ."

"ಗುದ್ದು ಬೇ, ಎಷ್ಟರ ಗುದ್ದು!" ಎಂದು ಶೇಖರಮ್ಮ ನಕ್ಕಳು. ಬಳೆ ಸದ್ದಾಯಿತು, ಕೈ ತೊಳೆಯುವ ನೀರಿನ ಸದ್ದಾಯಿತು. ಹೆಂಗಸರೆಲ್ಲ ಸೆರಗು ಸಿಕ್ಕಿಸಿಕೊಂಡು ತೊಟ್ಟಿಲ ಹತ್ತಿರ ಸೇರತೊಡಗಿದರು. ವೀರೇಶ ಹೂವಿನ ಸರ ತರಲು ಓಡಿದ.

ನನ್ನ ಕತೆ ಗವಿಯ ಬಾಗಿಲಲ್ಲೇ ನಿಂತಿತ್ತು. ಉಳಿದ ಕೇಳುಗ ಒಬ್ಬನೇ, ತೊಡೆಯ ಮೇಲೆ ಕಣ್ಣು ಬಿಟ್ಟು ಮಲಗಿದ್ದ, ಇನ್ನೂ ಹೆಸರಿಲ್ಲದ ಕೂಸು. ಅದಕ್ಕಾದರೂ ಪೂರ್ತಿ ಹೇಳೋಣವೆಂದು ಬಗ್ಗಿದೆ.

"ಕೇಳಪಾ ಮರಿ. ಆ ಕಲ್ಲು ಜರಾ ಜರಾ ಅಲಗಾಡಿ, ಹೊಳ್ಳಿ ನಮ್ಮ ಕಡೆ ಮಾರಿ ಮಾಡ್ತು. ಮಾಡಿ, ಮನಷ್ಯಾರ ಗತಿ ಬಾಯಿ ತಗದು, ನಾ ನನ್ನ ಕಿವ್ಯಾರ ಕೇಳೀನಿ, ಅದು ಏನಂತಂದ್ರ…"

"ಕೊಡ್ರಿ ಇಲ್ಲಿ ಕೂಸಿನ್ನ" ಎಂದು ಶೇಖರಮ್ಮ ಅದನ್ನೂ ಎತ್ತಿಕೊಂಡು ಹೋದಳು.